ಮದ್ರಾಸಿನಲ್ಲಿ ಬೇರು ಬಿಟ್ಟ ಕನ್ನಡದ ಮರ: ಎಸ್. ಜಿ. ವಾಸುದೇವ್ ಮತ್ತು ‘ಊರು ಯಾವುದು?’ ಅನ್ನೋ ಪ್ರಶ್ನೆ

ವಿಡಿಯೋ ನೋಡೋಕೆ ಟೈಮ್ ಆಗಲ್ಲ, ಮೆಟ್ರೋದಲ್ಲಿ ಕೂತು ಓದ್ಕೋತೀವಿ ಅನ್ನೋರಿಗಾಗಿ ಈ ವಾರದ ಮಾತನ್ನು ಇಲ್ಲಿ ಬರೆದು ಹಾಕಿದ್ದೀನಿ. ಮಾತಾಡುವಾಗ ಬಿಟ್ಟುಹೋದ ಒಂದೆರಡು ಸಂಗತಿಗಳನ್ನೂ ಸೇರಿಸಿದ್ದೀನಿ.

ನಾನಿರೋದು ಚೆನ್ನೈನ ಅಣ್ಣಾ ನಗರ್‌ನಲ್ಲಿ. ಇಲ್ಲಿಗೆ ಬಂದ ಹೊಸದರಲ್ಲಿ ಎಲ್ಲರೂ ದಾರಿ ಹೇಳೋದು ಟವರ್ ಪಾರ್ಕ್ ಲೆಕ್ಕದಲ್ಲಿ. ‘ಟವರ್‌ಗೆ ಮುಂಚೆ’, ‘ಟವರ್ ದಾಟಿ’ ಅಂತ. ಮೆಟ್ರೋ ಸ್ಟೇಷನ್ನಿಗೂ ಅದೇ ಹೆಸರು. 1968ರಲ್ಲಿ ಇಲ್ಲಿ ದೊಡ್ಡ ಅಂತರರಾಷ್ಟ್ರೀಯ ವ್ಯಾಪಾರ ಮೇಳ ನಡೆದಾಗ ಕಟ್ಟಿದ್ದು, 135 ಅಡಿ ಎತ್ತರ. ಎಷ್ಟೋ ವರ್ಷ ಮೇಲೆ ಹತ್ತೋಕೆ ಬಿಡ್ತಿರಲಿಲ್ಲ, 2023ರಲ್ಲಿ ಮತ್ತೆ ತೆರೆದರು. ಆದರೆ ಅದರ ನಿಜವಾದ ಹೆಸರು ಇಲ್ಲಿನ ಬಹಳ ಜನಕ್ಕೆ ಗೊತ್ತಿಲ್ಲ: ಡಾ. ವಿಶ್ವೇಶ್ವರಯ್ಯ ಟವರ್. ಹೌದು, ನಮ್ಮ ಸರ್ ಎಂ.ವಿ. ಅಣ್ಣಾದೊರೈ ಹೆಸರಿನ ಬಡಾವಣೆಯ ನಟ್ಟನಡುವೆ ಮುದ್ದೇನಹಳ್ಳಿಯ ಎಂಜಿನಿಯರ್ ನಿಂತಿದ್ದಾರೆ.

ಕನ್ನಡದ ಗೆಳೆಯರಿಗೆ ಇದನ್ನು ಹೇಳಿದಾಗ ಎಲ್ಲರಿಗೂ ಖುಷಿ. ‘ನಮ್ಮೋರು!’ ಅಂತಾರೆ. ಆಗ ನಾನು ಸ್ವಲ್ಪ ಕಾಲೆಳೀತೀನಿ. ಅವರ ಇನಿಶಿಯಲ್‌ನಲ್ಲಿರೋ ‘ಎಂ’ ಅಂದ್ರೆ ಏನು? ಮೋಕ್ಷಗುಂಡಂ. ಅದು ಈಗಿನ ಆಂಧ್ರದಲ್ಲಿರೋ ಊರು, ಅವರ ಪೂರ್ವಿಕರು ಅಲ್ಲಿಂದ ಮೈಸೂರು ಸೀಮೆಗೆ ಬಂದವರು. ತೆಲುಗು ಮೂಲದ ಮನೆತನ, ಕನ್ನಡ ನಾಡಿನಲ್ಲಿ ಹುಟ್ಟು, ಪುಣೆಯಲ್ಲಿ ಎಂಜಿನಿಯರಿಂಗ್, ಬಾಂಬೆ ಸರ್ಕಾರದಲ್ಲಿ ಕೆಲಸ, ಹೈದರಾಬಾದಿಗೆ ಮೂಸಿ ನದಿಯ ಪ್ರವಾಹದಿಂದ ರಕ್ಷಣೆ, ಆಮೇಲೆ ಮೈಸೂರಿನ ದಿವಾನಗಿರಿ, ಕೊನೆಗೆ ತಮಿಳು ನಗರದಲ್ಲೊಂದು ಟವರ್. ಈಗ ಹೇಳಿ, ಅವರ ಊರು ಯಾವುದು?

ಈ ಪ್ರಶ್ನೆ ನನಗೆ ತಮಾಷೆಯಾಗಿ ಉಳಿಯದೇ ಇರೋಕೆ ಕಾರಣ ಇದೆ. ನಾನು ಹಾಸನದವನು, ನನ್ನ ಹೆಂಡತಿ ಪುತ್ತೂರಿನವಳು, ಮನೆಮಾತು ತುಳು. ಮಗಳು ಹುಟ್ಟಿದ್ದು ಚೆನ್ನೈನಲ್ಲಿ. ಶಾಲೆಯ ಅರ್ಜಿಯಲ್ಲಿ ‘ಮಾತೃಭಾಷೆ’ ಅನ್ನೋ ಕಾಲಂ ಮುಂದೆ ನಾವಿಬ್ಬರೂ ಪೆನ್ನು ಹಿಡ್ಕೊಂಡು ಕೂತಿದ್ದೀವಿ. ಅವಳು ಆಟ ಆಡೋದು ತಮಿಳಲ್ಲಿ, ಜಗಳ ಆಡೋದೂ ತಮಿಳಲ್ಲಿ, ಅಜ್ಜಿ ಜೊತೆ ಫೋನಲ್ಲಿ ತುಳು, ನನ್ನ ಜೊತೆ ಕನ್ನಡ. ನಿಮ್ಮಲ್ಲಿ ಪುಣೆ, ಹೈದರಾಬಾದ್, ನ್ಯೂಜೆರ್ಸಿ, ಫ್ರಾಂಕ್‌ಫರ್ಟ್‌ನಿಂದ ಬರೆಯೋ ಎಷ್ಟೋ ಜನ ಇದನ್ನೇ ಕೇಳ್ತೀರಿ: ಊರು ಬಿಟ್ಟ ಮೇಲೆ ನಮ್ಮ ಕನ್ನಡತನದ ಗತಿ ಏನು, ನಮ್ಮ ಮಕ್ಕಳು ಯಾರು?

ಬುದ್ಧಿವಾದ ಹೇಳೋಷ್ಟು ನನಗೇನೂ ಗೊತ್ತಿಲ್ಲ. ಅದರ ಬದಲು ಒಬ್ಬ ಚಿತ್ರಕಾರರ ಕಥೆ ಹೇಳ್ತೀನಿ. ಮೈಸೂರಲ್ಲಿ ಹುಟ್ಟಿ, ಇದೇ ಮದ್ರಾಸಿನಲ್ಲಿ ಕಲಿತು, ಪಾರ್ಸಿ ಕಲಾವಿದೆಯನ್ನು ಮದುವೆಯಾಗಿ, ಕಡಲತೀರದ ಒಂದು ಕಲಾವಿದರ ಹಳ್ಳಿಯಲ್ಲಿ ಸುಮಾರು ಎರಡು ದಶಕ ಬಾಳಿದವರು: ಎಸ್. ಜಿ. ವಾಸುದೇವ್. ಅವರ ಸುತ್ತ ಅರವತ್ತರ ದಶಕದ ಮದ್ರಾಸಿನಲ್ಲಿ ಒಂದು ಗುಂಪು ಸೇರಿತ್ತು. ಆಧುನಿಕ ಕನ್ನಡ ಅಂತ ನಾವು ಇವತ್ತು ಎದೆ ತಟ್ಟಿಕೊಂಡು ಹೇಳೋದರಲ್ಲಿ ಒಂದು ದೊಡ್ಡ ಪಾಲು ತಯಾರಾದದ್ದು ಆ ಗುಂಪಿನಲ್ಲಿ ಅನ್ನೋದು ನನ್ನ ವಾದ.

ಮೊದಲು ಮದ್ರಾಸಿನ ಬಗ್ಗೆ ಎರಡು ಮಾತು. ಬೆಂಗಳೂರು-ಮೈಸೂರು ಕಡೆಯವರಿಗೆ ಮದ್ರಾಸು ಪರವೂರು. ಆದರೆ ಮಂಗಳೂರು, ಉಡುಪಿ, ಕಾಸರಗೋಡು, ಬಳ್ಳಾರಿಯವರಿಗೆ ಅದು ನೂರೈವತ್ತು ವರ್ಷದ ಹತ್ತಿರ ರಾಜಧಾನಿಯಾಗಿತ್ತು. ಬಳ್ಳಾರಿಯ ಬಹುಪಾಲು ಮೈಸೂರಿಗೆ ಬಂದದ್ದು 1953ರಲ್ಲಿ, ದಕ್ಷಿಣ ಕನ್ನಡ ಬಂದದ್ದು 1956ರಲ್ಲಿ, ಕಾಸರಗೋಡಂತೂ ಕೇರಳಕ್ಕೆ ಹೋಯಿತು. ಕನ್ನಡದ ಮೊದಲ ರಾಷ್ಟ್ರಕವಿ ಮಂಜೇಶ್ವರದ ಗೋವಿಂದ ಪೈಗಳಿಗೆ 1949ರಲ್ಲಿ ಆ ಬಿರುದು ಕೊಟ್ಟದ್ದು ಮದ್ರಾಸ್ ಸರ್ಕಾರ. ಅವರ ಮನೆಮಾತು ಕೊಂಕಣಿ, ಅವರ ಊರು ಈಗ ಕೇರಳದಲ್ಲಿದೆ. ಕನ್ನಡ ಸಿನಿಮಾದ ಕಥೆಯೂ ಹಾಗೇ: ಎಪ್ಪತ್ತರ ದಶಕದವರೆಗೂ ಹೆಚ್ಚಿನ ಕನ್ನಡ ಚಿತ್ರಗಳು ತಯಾರಾಗ್ತಿದ್ದದ್ದು ಕೋಡಂಬಾಕ್ಕಂನ ಸ್ಟುಡಿಯೋಗಳಲ್ಲಿ. ರಾಜಕುಮಾರ್ ಸಂಸಾರ ಇದ್ದದ್ದೂ ಇದೇ ಊರಲ್ಲಿ.

ಅಣ್ಣಾ ನಗರ್‌ನಿಂದ ಸೆಂಟ್ರಲ್ ಕಡೆಗೆ ಪೂನಮಲ್ಲಿ ಹೈ ರೋಡ್‌ನಲ್ಲಿ ಹೋದರೆ ಎಗ್ಮೋರ್ ಹತ್ತಿರ ಕೆಂಪು ಇಟ್ಟಿಗೆಯ ಹಳೇ ಕಟ್ಟಡಗಳು ಕಾಣ್ತವೆ. ಅದು ಸರ್ಕಾರಿ ಕಲಾ ಕಾಲೇಜು. 1850ರಲ್ಲಿ ಅಲೆಕ್ಸಾಂಡರ್ ಹಂಟರ್ ಅನ್ನೋ ವೈದ್ಯರು ಶುರು ಮಾಡಿದ ಶಾಲೆ, ದೇಶದ ಅತಿ ಹಳೆಯ ಕಲಾಶಾಲೆಗಳಲ್ಲಿ ಒಂದು. 1941ರಲ್ಲಿ ಮೈಸೂರಿನಲ್ಲಿ ಹುಟ್ಟಿದ ವಾಸುದೇವ್ ಅರವತ್ತರ ದಶಕದ ಆರಂಭದಲ್ಲಿ ಇಲ್ಲಿಗೆ ವಿದ್ಯಾರ್ಥಿಯಾಗಿ ಬಂದರು. ಹುಡುಗನ ಚಿತ್ರಗಳನ್ನು ನೋಡಿ ಮದ್ರಾಸಿಗೆ ಕಳಿಸಿ ಅಂತ ಹೇಳಿದವರು ಕಲಾ ವಿಮರ್ಶಕ ಜಿ. ವೆಂಕಟಾಚಲಂ. ಮಧ್ಯಮ ವರ್ಗದ ಮೈಸೂರು ಮನೆಯಿಂದ ಮಗ ಚಿತ್ರ ಬರೆಯೋದು ಕಲಿಯೋಕೆ ಪರವೂರಿಗೆ ಹೋಗೋದು ಆ ಕಾಲಕ್ಕೆ ಸಣ್ಣ ಮಾತೇನಲ್ಲ. ಎಂಜಿನಿಯರಿಂಗ್ ಸೀಟು ಬಿಟ್ಟು ನಾಟಕ ಮಾಡ್ತೀನಿ ಅಂತ ಇವತ್ತು ನಿಮ್ಮ ಮಗ ಹೇಳಿದರೆ ಹೇಗಿರುತ್ತೆ ಅಂತ ಯೋಚನೆ ಮಾಡಿ.

ಆಗ ಅಲ್ಲಿ ಪ್ರಿನ್ಸಿಪಾಲರು ಕೆ. ಸಿ. ಎಸ್. ಪಣಿಕ್ಕರ್. ಹುಟ್ಟಿದ್ದು ಕೊಯಮತ್ತೂರಿನಲ್ಲಿ, ಮನೆಮಾತು ಮಲಯಾಳಂ, ಬದುಕು ಮದ್ರಾಸಿನಲ್ಲಿ. ಅವರ ಮುಂದೆ ಇದ್ದ ಪ್ರಶ್ನೆ: ಪ್ಯಾರಿಸ್‌ನವರ ನಕಲು ಮಾಡದೆ, ಹಾಗಂತ ಅಜಂತಾ ನಕಲನ್ನೂ ಮಾಡದೆ, ನಮ್ಮದೇ ಅನ್ನೋ ಆಧುನಿಕ ಚಿತ್ರ ಬರೆಯೋದು ಹೇಗೆ? ಅವರು 1963ರ ಸುಮಾರಿಗೆ ಶುರು ಮಾಡಿದ ‘ಪದಗಳು ಮತ್ತು ಚಿಹ್ನೆಗಳು’ ಸರಣಿಯಲ್ಲಿ ಜಾತಕದ ಕುಂಡಲಿ, ಗಣಿತದ ಗುರುತು, ಮಲಯಾಳಂ ಲಿಪಿಯ ಹಾಗೆ ಕಾಣುವ ಸಾಲುಗಳು ಇವೆ. ಹತ್ತಿರ ಹೋದರೆ ಓದೋಕಾಗಲ್ಲ. ಅಕ್ಷರದ ಆಕಾರ ಇದೆ, ಅರ್ಥ ಇಲ್ಲ. ಬಸ್ಸಿನ ಬೋರ್ಡಿನ ಮೇಲಿನ ತಮಿಳು ಲಿಪಿಯನ್ನು ಮೊದಲ ತಿಂಗಳು ನಾವು ನೋಡ್ತೀವಲ್ಲ, ಗುಂಡಗಿದೆ, ಚೆನ್ನಾಗಿದೆ, ಏನು ಅಂತ ಗೊತ್ತಿಲ್ಲ, ಅದೇ ಅನುಭವ. ನನಗಂತೂ ವಲಸೆಗಾರನ ಕಣ್ಣಿಗೆ ಕಾಣುವ ಲಿಪಿ ಅಂದ್ರೆ ಇದೇ ಅನ್ಸುತ್ತೆ.

ಆ ಕಾಲೇಜಿಗೆ ನಾಲ್ಕು ರಾಜ್ಯಗಳಿಂದಲೂ ಹುಡುಗರು ಬರ್ತಿದ್ದರು. ಮಲಯಾಳಿಗಳು, ತೆಲುಗರು, ತಮಿಳರು, ನಮ್ಮವರು. ಓದು ಮುಗಿದ ಮೇಲೆ ಏನು? ಚಿತ್ರ ಕೊಳ್ಳೋ ಜನ ಮದ್ರಾಸಿನಲ್ಲಿ ಬೆರಳೆಣಿಕೆ. ಗ್ಯಾಲರಿಗಳೇ ಇಲ್ಲ. ಹಾಗಾಗಿ ಜಾಹೀರಾತು ಕಂಪನಿಗೋ ಡ್ರಾಯಿಂಗ್ ಮೇಷ್ಟ್ರ ಕೆಲಸಕ್ಕೋ ಹೋಗಿ, ಕುಂಚ ಅಟ್ಟಕ್ಕೆ ಹಾಕೋದು ಮಾಮೂಲು. ಇದಕ್ಕೆ ಪಣಿಕ್ಕರ್ ಮತ್ತು ಶಿಷ್ಯರು ಕಂಡುಕೊಂಡ ಉಪಾಯ ನಮ್ಮ ಸ್ಟಾರ್ಟಪ್ ಜನಕ್ಕೆ ಇಷ್ಟ ಆಗೋಂಥದ್ದು. ಎಲ್ಲರೂ ಸೇರಿ ಕರಕುಶಲ ಸಂಘ ಮಾಡಿಕೊಂಡರು. ಬಾಟಿಕ್ ಬಟ್ಟೆ, ಲೋಹದ ಕೆಲಸ, ಮಡಿಕೆ-ಕುಡಿಕೆ ಮಾಡಿ ಮಾರಿದರು. ಮೇಣ ಹಾಕಿ ಬಣ್ಣ ಕಟ್ಟುವ ಬಾಟಿಕ್ ಆಗ ಫ್ಯಾಷನ್ನು, ಒಳ್ಳೇ ವ್ಯಾಪಾರ ಆಯಿತು. ಬಂದ ದುಡ್ಡಲ್ಲಿ ಊರಾಚೆ ಇಂಜಂಬಾಕ್ಕಂನಲ್ಲಿ, ಸಮುದ್ರದ ಪಕ್ಕ, ಎಂಟು-ಹತ್ತು ಎಕರೆ ಜಮೀನು ಕೊಂಡರು. 1966ರಲ್ಲಿ ಅಲ್ಲಿ ಶುರುವಾದದ್ದೇ ಚೋಳಮಂಡಲ ಕಲಾವಿದರ ಹಳ್ಳಿ. ಸರ್ಕಾರದ ಅನುದಾನಕ್ಕೆ ಕಾಯಲಿಲ್ಲ, ಸಾಹುಕಾರರ ಮನೆ ಬಾಗಿಲಿಗೆ ಹೋಗಲಿಲ್ಲ. ಹೊಟ್ಟೆಪಾಡಿಗೆ ಕರಕುಶಲ, ಉಳಿದ ಹೊತ್ತು ಚಿತ್ರ-ಶಿಲ್ಪ, ಇದು ನಿಯಮ.

ಇವತ್ತು ಈಸ್ಟ್ ಕೋಸ್ಟ್ ರೋಡಲ್ಲಿ ವೀಕೆಂಡ್ ರೆಸಾರ್ಟಿಗೆ ಹೋಗುವಾಗ ಆ ಜಾಗ ದಾಟಿಯೇ ಹೋಗ್ತೀವಿ. ಆಗ ಅದು ಮರಳು, ಗಾಳಿ ಮರದ ತೋಪು, ಮೀನುಗಾರರ ಗುಡಿಸಲು. ವಾಸುದೇವ್ ಇದರ ಸ್ಥಾಪಕರಲ್ಲಿ ಒಬ್ಬರು. ಆ ಹಳ್ಳಿಯ ಒಂದು ಗುಣ ನನಗೆ ಬಹಳ ಹಿಡಿಸುತ್ತೆ. ಅಲ್ಲಿ ಯಾರೂ ಮೂಲ ನಿವಾಸಿ ಅಲ್ಲ. ಮಲಯಾಳಿ, ತೆಲುಗು, ಕನ್ನಡ, ತಮಿಳು ಎಲ್ಲರೂ ಒಂದೇ ದಿನ ಬಂದವರು, ಎಲ್ಲರೂ ತಮ್ಮ ಮನೆ ತಾವೇ ಕಟ್ಟಿಕೊಂಡವರು. ಅದಕ್ಕಿಟ್ಟ ಹೆಸರು ಮಾತ್ರ ಸಾವಿರ ವರ್ಷ ಹಿಂದಿನದು. ಕೋರಮಂಡಲ ಅನ್ನೋ ಇಂಗ್ಲಿಷ್ ಬಾಯಿಯ ಹೆಸರಿನ ಮೂಲ ರೂಪ ಅದು.

ವಾಸುದೇವ್ ಕೈ ಹಿಡಿದ ಅರ್ನವಾಜ್ ಕೂಡ ಅದೇ ಕಾಲೇಜಿನಲ್ಲಿ ಕಲಿತ ಕಲಾವಿದೆ, ಪಾರ್ಸಿ ಹುಡುಗಿ. ಮದ್ರಾಸ್ ಕಲಾ ಚಳವಳಿಯ ಪುಸ್ತಕ ತೆಗೆದರೆ ಗಂಡಸರ ಹೆಸರೇ ಸಾಲುಸಾಲು. ಅಲ್ಲಿ ಕಾಣುವ ಕೆಲವೇ ಹೆಂಗಸರಲ್ಲಿ ಅರ್ನವಾಜ್ ಒಬ್ಬರು. ಮೈಸೂರಿನ ಹುಡುಗ, ಇರಾನಿನಿಂದ ಗುಜರಾತಿನ ದಡಕ್ಕೆ ಬಂದ ಜನಾಂಗದ ಹುಡುಗಿ, ತಮಿಳು ಕಡಲತೀರದಲ್ಲಿ ಮನೆ. ಅವರ ಮನೆಯಲ್ಲಿ ‘ಮಾತೃಭಾಷೆ’ ಕಾಲಂ ತುಂಬೋದು ನಮ್ಮ ಮನೆಗಿಂತ ಕಷ್ಟ ಇದ್ದಿರಬೇಕು.

ಈಗ ನಾನು ಹೇಳಲೇಬೇಕು ಅಂದ ಮುಖ್ಯ ಕಥೆಗೆ ಬರ್ತೀನಿ.

‘ಸಂಸ್ಕಾರ’ ಸಿನಿಮಾ ನೋಡಿದ್ದೀರಲ್ಲ? ನೋಡದಿದ್ದರೂ ಹೆಸರು ಕೇಳಿರ್ತೀರಿ. ಕನ್ನಡದ ಹೊಸ ಅಲೆಯ ಚಿತ್ರಗಳಿಗೆ ದಾರಿ ಮಾಡಿದ್ದು ಅದೇ. 1970ರ ಅತ್ಯುತ್ತಮ ಚಿತ್ರ ಅಂತ ರಾಷ್ಟ್ರಪ್ರಶಸ್ತಿ ಪಡೆದ ಮೊದಲ ಕನ್ನಡ ಚಿತ್ರ. ಮಲೆನಾಡಿನ ಮಾಧ್ವ ಅಗ್ರಹಾರ, ಪ್ಲೇಗು, ಹೆಣ ಸುಡೋದು ಯಾರು ಅನ್ನೋ ಜಿಜ್ಞಾಸೆ. ಇದಕ್ಕಿಂತ ‘ಮಣ್ಣಿನ’ ಕಥೆ ಇನ್ಯಾವುದಿದೆ? ಶೃಂಗೇರಿ ಹತ್ತಿರದ ವೈಕುಂಠಪುರ ಅನ್ನೋ ಹಳ್ಳಿಯಲ್ಲಿ ಚಿತ್ರೀಕರಣ. ಹೆಂಚಿನ ಮನೆ, ಜಗಲಿ, ಅಂಗಳ, ಹೊಳೆ. ಪ್ರತಿ ಫ್ರೇಮಿನಲ್ಲೂ ಮಲೆನಾಡಿನ ಮಳೆವಾಸನೆ ಬರುತ್ತೆ.

ಆದರೆ ಇದನ್ನು ಮಾಡಿದವರು ಯಾರು ಅಂತ ಒಂದೊಂದಾಗಿ ನೋಡಿ. ಕಾದಂಬರಿಯಿಂದಲೇ ಶುರು ಮಾಡೋಣ. ಯು. ಆರ್. ಅನಂತಮೂರ್ತಿ ಅದನ್ನು ಬರೆದದ್ದು ತೀರ್ಥಹಳ್ಳಿಯಲ್ಲಿ ಕೂತಲ್ಲ. ಇಂಗ್ಲೆಂಡಿನ ಬರ್ಮಿಂಗ್‌ಹ್ಯಾಂನಲ್ಲಿ, ಪಿಎಚ್.ಡಿ ವಿದ್ಯಾರ್ಥಿಯಾಗಿದ್ದಾಗ. ಅಲ್ಲಿ ಬರ್ಗ್‌ಮನ್‌ನ ಸ್ವೀಡಿಷ್ ಸಿನಿಮಾ ‘ದಿ ಸೆವೆಂತ್ ಸೀಲ್’ ನೋಡಿದರು, ಸಬ್‌ಟೈಟಲ್ ಕೂಡ ಇರಲಿಲ್ಲ. ಮಧ್ಯಯುಗದ ಪ್ಲೇಗಿನ ಕಥೆ. ಅದನ್ನು ನೋಡಿ ಬಂದಾಗ ಬಾಲ್ಯದ ಅಗ್ರಹಾರ ಕಣ್ಣಮುಂದೆ ನಿಂತಿತು ಅಂತ ಅವರೇ ಹಲವು ಸಲ ಹೇಳಿದ್ದಾರೆ. ತಿಳಿಯದ ಭಾಷೆಯ ಸಿನಿಮಾ ನೋಡಿ ತನ್ನ ಭಾಷೆಯ ಕಥೆ ಹುಟ್ಟಿದ್ದು! 1965ರಲ್ಲಿ ಪುಸ್ತಕ ಬಂತು.

ಅದನ್ನು ಸಿನಿಮಾ ಮಾಡಿದ ಪಟ್ಟಾಭಿರಾಮ ರೆಡ್ಡಿ ನೆಲ್ಲೂರಿನವರು. ತೆಲುಗಿನಲ್ಲಿ ಹೊಸ ಬಗೆಯ ಕವಿತೆ ಬರೆದು ಹೆಸರಾದ ಕವಿ, ಮದ್ರಾಸಿನಲ್ಲಿ ತೆಲುಗು ಸಿನಿಮಾ ನಿರ್ಮಾಪಕ. ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯರ ಪಾತ್ರ ಮಾಡಿದ ಗಿರೀಶ ಕಾರ್ನಾಡರು ಆಗ ಮದ್ರಾಸಿನಲ್ಲಿ ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್‌ನ ಉದ್ಯೋಗಿ. 1963ರಿಂದ ಏಳು ವರ್ಷ ಅಲ್ಲಿ ಕೆಲಸ ಮಾಡಿದರು, ಅಂದ್ರೆ ನಮ್ಮ ಹಾಗೇ ಕೆಲಸದ ಮೇಲೆ ಚೆನ್ನೈಗೆ ಬಂದ ಕನ್ನಡಿಗ. ಮನೆಮಾತು ಕೊಂಕಣಿ, ಹುಟ್ಟಿದ್ದು ಮಹಾರಾಷ್ಟ್ರದ ಮಾಥೆರಾನ್‌ನಲ್ಲಿ, ಬೆಳೆದದ್ದು ಶಿರಸಿ, ಧಾರವಾಡ. 1964ರ ‘ತುಘಲಕ್’ ಕೂಡ ಅವರ ಮದ್ರಾಸಿನ ದಿನಗಳದ್ದೇ. ಚಂದ್ರಿಯಾಗಿ ನಟಿಸಿದ ಸ್ನೇಹಲತಾ ರೆಡ್ಡಿ ಕ್ರೈಸ್ತ ಮನೆತನದವರು, ಪಟ್ಟಾಭಿಯವರ ಹೆಂಡತಿ, ಮದ್ರಾಸ್ ಪ್ಲೇಯರ್ಸ್ ಎಂಬ ಇಂಗ್ಲಿಷ್ ನಾಟಕ ತಂಡ ಕಟ್ಟಿದವರಲ್ಲಿ ಒಬ್ಬರು. ಕ್ಯಾಮೆರಾ ಹಿಡಿದ ಟಾಮ್ ಕೋವನ್ ಆಸ್ಟ್ರೇಲಿಯಾದವರು. ಸಂಕಲನ ಸ್ಟೀವನ್ ಕಾರ್ಟ್‌ರೈಟ್. ಸಂಗೀತ ರಾಜೀವ ತಾರಾನಾಥ, ಇಂಗ್ಲಿಷ್ ಪಾಠ ಹೇಳ್ತಿದ್ದ ಸರೋದ್ ವಾದಕ. ನಾರಣಪ್ಪನ ಪಾತ್ರಕ್ಕೆ ಪಿ. ಲಂಕೇಶ್. ಕಲಾ ನಿರ್ದೇಶನ ನಮ್ಮ ವಾಸುದೇವ್.

ಅಂದ್ರೆ ಅಪ್ಪಟ ಕನ್ನಡದ ಅಗ್ರಹಾರವನ್ನು ತೆರೆಯ ಮೇಲೆ ಕಟ್ಟಿದ್ದು ಒಬ್ಬ ತೆಲುಗು ಕವಿ, ಒಬ್ಬ ಕೊಂಕಣಿ, ಒಬ್ಬ ಕ್ರೈಸ್ತ ನಟಿ, ಒಬ್ಬ ಆಸ್ಟ್ರೇಲಿಯನ್ ಮತ್ತು ಚೋಳಮಂಡಲದಿಂದ ಬಂದ ಒಬ್ಬ ಚಿತ್ರಕಾರ. ನಾನು ಇದನ್ನು ಮೊದಲು ಪಟ್ಟಿ ಮಾಡಿ ನೋಡಿದಾಗ ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ. ಅಗ್ರಹಾರದ ಒಳಗೇ ಇದ್ದವರಿಗೆ ಆ ಜಗಲಿ, ಆ ಅಂಗಳ ಮಾಮೂಲು. ಅದು ದೃಶ್ಯ ಅನ್ನಿಸೋಕೆ ಒಂದು ದೂರ ಬೇಕು. ಮದ್ರಾಸಿನಲ್ಲಿದ್ದ ಈ ಜನಕ್ಕೆ ಆ ದೂರ ಇತ್ತು, ಕನ್ನಡದ ಹಂಬಲವೂ ಇತ್ತು.

ಈ ಬೆರಕೆ ಜನರ ಸಿನಿಮಾಕ್ಕೆ ಮದ್ರಾಸಿನ ಸೆನ್ಸಾರ್‌ನವರು ಮೊದಲು ಒಪ್ಪಿಗೆ ಕೊಡಲಿಲ್ಲ, ಜಾತಿಯ ಗಲಾಟೆ ಆಗುತ್ತೆ ಅಂತ. ಆಮೇಲೆ ದೆಹಲಿ ಮಟ್ಟದಲ್ಲಿ ಆ ನಿಷೇಧ ತೆರವಾಯಿತು. ಸ್ನೇಹಲತಾ ಕಥೆ ಮಾತ್ರ ಬೇರೆ ದಾರಿ ಹಿಡಿಯಿತು. ತುರ್ತು ಪರಿಸ್ಥಿತಿಯಲ್ಲಿ ಅವರನ್ನು ಬೆಂಗಳೂರಿನ ಸೆಂಟ್ರಲ್ ಜೈಲಿಗೆ ಹಾಕಿದರು. ಆಸ್ತಮಾ ಇದ್ದ ಹೆಣ್ಣುಮಗಳು. ಬಿಡುಗಡೆಯಾದ ಕೆಲವೇ ದಿನಗಳಲ್ಲಿ, 1977ರ ಜನವರಿಯಲ್ಲಿ, ತೀರಿಕೊಂಡರು. ಕನ್ನಡ ಸಿನಿಮಾಕ್ಕೆ ಚಂದ್ರಿಯನ್ನು ಕೊಟ್ಟ ಹೊರಗಿನ ಹೆಣ್ಣುಮಗಳಿಗೆ ಕನ್ನಡದ ರಾಜಧಾನಿಯಲ್ಲಿ ಸಿಕ್ಕಿದ್ದು ಇದು. ಇಲ್ಲಿ ನಾನು ಇನ್ನೇನೂ ಸೇರಿಸಲ್ಲ.

ವಾಸುದೇವ್ ಚಿತ್ರಗಳಿಗೆ ವಾಪಸ್ ಬರೋಣ. ಅವರ ಅತಿ ಹೆಸರಾದ ಸರಣಿ ‘ವೃಕ್ಷ’. ಕ್ಯಾನ್‌ವಾಸಿನ ನಡುವೆ ಒಂದು ಮರ. ಹತ್ತಿರ ಹೋದರೆ ಎಲೆ ಅಂದುಕೊಂಡದ್ದು ಹಕ್ಕಿ, ಕೊಂಬೆ ಅಂದುಕೊಂಡದ್ದು ಮನುಷ್ಯನ ಮೈ, ಬೇರಿನ ನಡುವೆ ಪ್ರಾಣಿಗಳು. ಇದಕ್ಕೆ ಪ್ರೇರಣೆ ಬೇಂದ್ರೆಯವರ ‘ಕಲ್ಪವೃಕ್ಷ ವೃಂದಾವನ’. ಧಾರವಾಡದ ಕವಿಯ ಕಲ್ಪವೃಕ್ಷ ಮೈಸೂರಿನ ಹುಡುಗನ ಕೈಯಲ್ಲಿ ಮದ್ರಾಸಿನ ಮರಳಲ್ಲಿ ಚಿಗುರಿದ್ದು ಅನ್ನಿ. ಮತ್ತೆ ನೆನಪಿಸಬೇಕಾ, ಬೇಂದ್ರೆಯವರ ಮನೆಮಾತು ಮರಾಠಿ.

ಅವರು ಬಣ್ಣ ಹಾಕುವ ರೀತಿ ಗಮನಿಸಬೇಕು. ಒಂದರ ಮೇಲೊಂದು ಪದರ ಹಚ್ಚಿ, ಮೇಲಿನದು ಪೂರ್ತಿ ಒಣಗುವ ಮೊದಲೇ ಕೆರೆದು ಗೀರ್ತಾರೆ. ಆಗ ಕೆಳಗಿನ ಬಣ್ಣ ಗೆರೆಯಾಗಿ ಮೇಲೆ ಬರುತ್ತೆ. ನೀವು ನೋಡೋ ರೇಖೆ ಮೇಲೆ ಬರೆದದ್ದಲ್ಲ, ಅಡಿಯಿಂದ ಕಂಡದ್ದು. ಗೋಡೆಗೆ ಸುಣ್ಣ ಹೊಡೆದಾಗ ಉಗುರಲ್ಲಿ ಗೀರಿದರೆ ಅಜ್ಜನ ಕಾಲದ ನೀಲಿ ಕಾಣ್ತದಲ್ಲ, ಹಾಗೆ. ನೆನಪು ಕೆಲಸ ಮಾಡೋದೂ ಹೀಗೇ ಅಂತ ಹೇಳಿದರೆ ಕಲಾ ವಿಮರ್ಶಕರ ಧಾಟಿ ಆಗಿಬಿಡುತ್ತೆ, ಬೇಡ. ಆದರೆ ಚಿತ್ರದ ಮುಂದೆ ನಿಂತಾಗ ನನಗೆ ಅನ್ನಿಸಿದ್ದು ಅದೇ. ಚೋಳಮಂಡಲದ ಕರಕುಶಲದ ಪಾಠವೂ ಅವರ ಕೈಯಲ್ಲಿ ಉಳಿಯಿತು: ತಾಮ್ರದ ತಗಡಿನ ಮೇಲೆ ಉಬ್ಬು ಚಿತ್ರ ಮಾಡಿದರು, ಮುಂದೆ ಬೆಂಗಳೂರಿನಲ್ಲಿ ಸುಬ್ಬರಾಯುಲು ಎಂಬ ನೇಕಾರರ ಜೊತೆ ಸೇರಿ ರೇಷ್ಮೆಯಲ್ಲಿ ಚಿತ್ರ ನೇಯಿಸಿದರು.

ಅವರ ಗೆಳೆಯರಲ್ಲಿ ಇನ್ನೊಬ್ಬರ ಹೆಸರು ಹೇಳದಿದ್ದರೆ ಈ ಮಾತು ಪೂರ್ತಿಯಾಗಲ್ಲ. ಎ. ಕೆ. ರಾಮಾನುಜನ್. 1929ರಲ್ಲಿ ಮೈಸೂರಿನಲ್ಲಿ ಹುಟ್ಟಿದರು, ತಮಿಳು ಅಯ್ಯಂಗಾರ್ ಮನೆ. ಆ ಮನೆಯ ನಕ್ಷೆ ಅವರೇ ಹೇಳಿಕೊಂಡಿದ್ದಾರೆ: ಮಹಡಿಯಲ್ಲಿ ಗಣಿತದ ಪ್ರೊಫೆಸರ್ ಅಪ್ಪನ ಜೊತೆ ಇಂಗ್ಲಿಷ್, ಕೆಳಗೆ ಅಡುಗೆಮನೆಯಲ್ಲಿ ಅಮ್ಮನ ಜೊತೆ ತಮಿಳು, ಹೊಸ್ತಿಲು ದಾಟಿದರೆ ಬೀದಿಯಲ್ಲಿ ಕನ್ನಡ. ಮೆಟ್ಟಿಲು ಹತ್ತಿ ಇಳಿದರೆ ಭಾಷೆ ಬದಲಾಗ್ತಿತ್ತು. ನಮ್ಮ ಮನೇಲೂ ಇದೇ ನಕ್ಷೆ, ಆದರೆ ಕನ್ನಡ-ತಮಿಳಿನ ಜಾಗ ಅದಲುಬದಲಾಗಿದೆ: ಬೀದಿಯಲ್ಲಿ ತಮಿಳು, ಮನೆಯೊಳಗೆ ಕನ್ನಡ.

ರಾಮಾನುಜನ್ 1959ರಲ್ಲಿ ಅಮೆರಿಕಕ್ಕೆ ಹೋದರು. ಆಮೇಲೆ ಷಿಕಾಗೋ ವಿಶ್ವವಿದ್ಯಾಲಯ. 1962ರಲ್ಲಿ ಒಂದು ಶನಿವಾರ ಅಲ್ಲಿನ ಲೈಬ್ರರಿಯ ನೆಲಮಾಳಿಗೆಗೆ ಹಳೆಗಾಲದ ತಮಿಳಿನ ವ್ಯಾಕರಣ ಹುಡುಕಿಕೊಂಡು ಹೋದವರಿಗೆ ಸಿಕ್ಕಿದ್ದು ‘ಕುರುಂತೊಗೈ’, ಯು. ವಿ. ಸ್ವಾಮಿನಾಥ ಅಯ್ಯರ್ ಸಂಪಾದಿಸಿದ ಸಂಗಂ ಕವಿತೆಗಳ ಪುಸ್ತಕ. ಅಮ್ಮನ ಭಾಷೆಯ ಎರಡು ಸಾವಿರ ವರ್ಷದ ಹಿಂದಿನ ಕಾವ್ಯವನ್ನು ಅವರು ಕಂಡದ್ದು ಶ್ರೀರಂಗದಲ್ಲಲ್ಲ, ಮೈಸೂರಲ್ಲೂ ಅಲ್ಲ, ಅಮೆರಿಕದ ಒಂದು ನೆಲಮಾಳಿಗೆಯಲ್ಲಿ. ಅದರಿಂದ 1967ರಲ್ಲಿ ಅವರ ಇಂಗ್ಲಿಷ್ ಅನುವಾದಗಳ ಪುಸ್ತಕ ಬಂತು. 1973ರಲ್ಲಿ ವಚನಗಳ ಇಂಗ್ಲಿಷ್ ಅನುವಾದ. 1976ರಲ್ಲಿ ‘ಸಂಸ್ಕಾರ’ದ ಅನುವಾದ, ಹೌದು, ಅದೇ ಸಂಸ್ಕಾರ. ಬರ್ಮಿಂಗ್‌ಹ್ಯಾಂನಲ್ಲಿ ಬರೆದದ್ದನ್ನು ಮದ್ರಾಸಿನವರು ಸಿನಿಮಾ ಮಾಡಿ, ಷಿಕಾಗೋದವರು ಜಗತ್ತಿಗೆ ಕೊಟ್ಟರು. ಅವರ ಮೊದಲ ಕನ್ನಡ ಕವನ ಸಂಕಲನ ‘ಹೊಕ್ಕುಳಲ್ಲಿ ಹೂವಿಲ್ಲ’ 1969ರದ್ದು, ಅಂದರೆ ದೇಶ ಬಿಟ್ಟು ಹತ್ತು ವರ್ಷ ಆದ ಮೇಲೆ. ಊರು ಬಿಟ್ಟರೆ ಭಾಷೆ ಒಣಗುತ್ತೆ ಅಂತ ಹೇಳೋರಿಗೆ ಈ ಇಸವಿಗಳನ್ನು ತೋರಿಸಬೇಕು ಅನ್ನಿಸುತ್ತೆ.

1993ರಲ್ಲಿ ರಾಮಾನುಜನ್ ಷಿಕಾಗೋದಲ್ಲಿ ತೀರಿಕೊಂಡರು. ಆಮೇಲೆ ವಾಸುದೇವ್ ಅವರ ಕವಿತೆಗಳಿಗೆ ಪ್ರತಿಯಾಗಿ ಒಂದು ರೇಖಾಚಿತ್ರ ಸರಣಿಯನ್ನೇ ಬರೆದರು. ಕಪ್ಪು ಗೆರೆಗಳ ಚಿತ್ರಗಳು. ಕವಿತೆಯ ಕಥೆಯನ್ನು ಚಿತ್ರದಲ್ಲಿ ಮತ್ತೆ ಹೇಳೋ ಗೋಜಿಗೆ ಹೋಗಲ್ಲ. ಗೆಳೆಯ ಹೋದ ಮೇಲೂ ಅವನ ಜೊತೆ ಮಾತು ಮುಂದುವರಿಸಿದ ಹಾಗಿವೆ. ಮೈಸೂರಿನ ಬೀದಿಯ ಕನ್ನಡ ಇಬ್ಬರಿಗೂ ಗೊತ್ತಿತ್ತು. ಒಬ್ಬರು ಅದನ್ನು ಮದ್ರಾಸಿಗೆ ಒಯ್ದರು, ಇನ್ನೊಬ್ಬರು ಮದ್ರಾಸಿನ ತಮಿಳನ್ನು ಷಿಕಾಗೋದಲ್ಲಿ ಕಂಡರು.

ಇಷ್ಟು ಹೇಳಿ, ಒಂದು ತಕರಾರನ್ನೂ ನಾನೇ ಎತ್ತಬೇಕು, ಇಲ್ಲದಿದ್ದರೆ ಕಾಮೆಂಟಲ್ಲಿ ನೀವು ಎತ್ತೇ ಎತ್ತುತ್ತೀರಿ. ಇವರೆಲ್ಲ ಇಂಗ್ಲಿಷ್ ಬಲ್ಲವರು, ಹೆಚ್ಚಿನವರು ಮೇಲ್ಜಾತಿಯವರು, ಆಕ್ಸ್‌ಫರ್ಡ್-ಬರ್ಮಿಂಗ್‌ಹ್ಯಾಂ ಕಂಡವರು. ಬೆರಕೆ ಬದುಕು ಇವರಿಗೆ ಸೊಗಸಾಗಿ ಒದಗಿತು. ಅಣ್ಣಾ ನಗರ್‌ನಲ್ಲಿ ಹೊಸ ಅಪಾರ್ಟ್‌ಮೆಂಟ್ ಕಟ್ಟೋ ಜಾಗದಲ್ಲಿ ರಾಯಚೂರು ಕಡೆಯ ಕೂಲಿಯವರು ಸಿಕ್ಕರೆ ನಾನು ಮಾತಾಡಿಸ್ತೀನಿ. ಅವರ ಮಕ್ಕಳ ಮಾತಲ್ಲೂ ಕನ್ನಡ, ತೆಲುಗು, ತಮಿಳು ಮೂರೂ ಬೆರೆತಿದೆ. ಅದನ್ನು ಯಾರೂ ‘ಸಂಸ್ಕೃತಿಗಳ ಸಂಗಮ’ ಅನ್ನಲ್ಲ, ಮೂರು ಭಾಷೆಯ ಮಗುವಿಗೆ ಒಂದು ಭಾಷೆಯ ಶಾಲೆಯೂ ಸರಿಯಾಗಿ ಸಿಕ್ಕಿರಲ್ಲ. ಈ ತಕರಾರು ನ್ಯಾಯವಾದದ್ದು, ನನ್ನ ಹತ್ತಿರ ಇದಕ್ಕೆ ಉತ್ತರ ಇಲ್ಲ. ಒಂದು ಮಾತು ಮಾತ್ರ ಸೇರಿಸ್ತೀನಿ: ಚೋಳಮಂಡಲದವರು ಬದುಕಿದ್ದು ಕೈಕೆಲಸದಿಂದ, ಬಾಟಿಕ್ ಬಟ್ಟೆ ಮಾರಿ. ಆ ಹಳ್ಳಿಯಲ್ಲಿ ಕುಲಗೋತ್ರ ಕೇಳಿ ಸೈಟು ಕೊಡಲಿಲ್ಲ.

ಇನ್ನೊಂದು ವಿಷಯದಲ್ಲಿ ನನಗೆ ಕೆಲವು ಗೆಳೆಯರ ಜೊತೆ ಒಪ್ಪಿಗೆ ಇಲ್ಲ. ‘ಬೆರಕೆ ಆದ್ರೆ ಸಾಕು, ಭಾಷೆ ಗೀಷೆ ಯಾಕೆ, ನಾವೆಲ್ಲ ವಿಶ್ವಮಾನವರು’ ಅಂತ ಅವರು ಸುಲಭವಾಗಿ ಹೇಳಿಬಿಡ್ತಾರೆ. ವಾಸುದೇವ್ ಗುಂಪು ಹಾಗೆ ಕೈ ತೊಳ್ಕೊಳ್ಳಲಿಲ್ಲ. ಕಾರ್ನಾಡರು ಮದ್ರಾಸಿನ ಇಂಗ್ಲಿಷ್ ನಾಟಕ ವಲಯದಲ್ಲಿದ್ದುಕೊಂಡು ತಮ್ಮ ನಾಟಕ ಬರೆದದ್ದು ಕನ್ನಡದಲ್ಲಿ. ಪಟ್ಟಾಭಿ ತೆಲುಗು ಸಿನಿಮಾದ ದೊಡ್ಡ ಮಾರುಕಟ್ಟೆ ಬಿಟ್ಟು ಕನ್ನಡಕ್ಕೆ ಬಂದರು, ಮುಂದೆ ‘ಚಂಡಮಾರುತ’ದಂಥ ಚಿತ್ರಗಳನ್ನೂ ಕನ್ನಡದಲ್ಲೇ ಮಾಡಿದರು. ವಾಸುದೇವ್ ಬಣ್ಣಕ್ಕೆ ಭಾಷೆ ಬೇಕಿಲ್ಲ, ಆದರೂ ಬೇಂದ್ರೆಯ ಹತ್ತಿರ ಹೋದರು. ಇವರ್ಯಾರಿಗೂ ಕನ್ನಡ ಸುಮ್ಮನೆ ಪಿತ್ರಾರ್ಜಿತವಾಗಿ ಬಂದು ಬಿದ್ದಿರಲಿಲ್ಲ. ಆರಿಸಿಕೊಂಡು ದುಡಿದರು. ನನ್ನ ಮಗಳ ಅರ್ಜಿಯ ಆ ಕಾಲಂ ವಿಚಾರದಲ್ಲಿ ನನಗೆ ಧೈರ್ಯ ಕೊಟ್ಟದ್ದು ಇದು. ಕನ್ನಡ ಅಂತ ಬರೆದೆವು. ಆದರೆ ಮನೆಯಲ್ಲಿ ದಿನಾ ಒಂದು ಕನ್ನಡ ಕಥೆ ಓದೋ ಕೆಲಸ ನನ್ನ ತಲೆ ಮೇಲೆ ಬಂತು. ಭಾನುವಾರ ಅವರಮ್ಮ ತುಳುವಿನಲ್ಲಿ ಪಾಡ್ದನದ ಕಥೆ ಹೇಳ್ತಾಳೆ. ತಮಿಳು ತಾನಾಗೇ ನಡೀತಿದೆ, ಅದಕ್ಕೆ ಯಾರ ಅಪ್ಪಣೆಯೂ ಬೇಕಾಗಿಲ್ಲ.

ಅರ್ನವಾಜ್ 1988ರಲ್ಲಿ ತೀರಿಕೊಂಡರು, ಇನ್ನೂ ನಲವತ್ತರ ಆಸುಪಾಸಿನ ವಯಸ್ಸು. ಎಂಬತ್ತರ ದಶಕದ ಕೊನೆಗೆ ವಾಸುದೇವ್ ಬೆಂಗಳೂರಿಗೆ ಬಂದರು. ಹೆಂಡತಿಯ ಹೆಸರಲ್ಲಿ ‘ಅರ್ನವಾಜ್ ವಾಸುದೇವ್ ಚಾರಿಟೀಸ್’ ಮಾಡಿ ಕಲಾ ವಿದ್ಯಾರ್ಥಿಗಳಿಗೆ ವಿದ್ಯಾರ್ಥಿವೇತನ ಕೊಡೋಕೆ ಶುರು ಮಾಡಿದರು. ಹಾಗೆ ಪಾರ್ಸಿ ಹೆಸರೊಂದು ಇಲ್ಲಿನ ಎಷ್ಟೋ ಬಡ ಕಲಾ ವಿದ್ಯಾರ್ಥಿಗಳ ಬಾಯಲ್ಲಿ ಉಳಿಯಿತು.

2018ರಲ್ಲಿ ಬೆಂಗಳೂರಿನ ಅರಮನೆ ರಸ್ತೆಯ ಮಾಣಿಕ್ಯವೇಲು ಮ್ಯಾನ್ಷನ್‌ನಲ್ಲಿ, ಅಂದ್ರೆ ರಾಷ್ಟ್ರೀಯ ಆಧುನಿಕ ಕಲಾ ಸಂಗ್ರಹಾಲಯದಲ್ಲಿ, ಅವರ ಅರ್ಧ ಶತಮಾನದ ಕೆಲಸದ ಪ್ರದರ್ಶನ ನಡೆಯಿತು. ಅದನ್ನು ರೂಪಿಸಿದವರು ಚೆನ್ನೈನ ವಿಮರ್ಶಕ ಸದಾನಂದ ಮೆನನ್. ಇಂಗ್ಲಿಷಿನಲ್ಲಿ ಇಟ್ಟ ಶೀರ್ಷಿಕೆಯ ಎರಡನೇ ಭಾಗದ ಅರ್ಥ ‘ಸಮಕ್ಕೆ ಮರಳುವುದು’. ಸಂಗೀತ ಕೇಳೋರಿಗೆ ಗೊತ್ತು, ತಾಳ ಒಂದು ಸುತ್ತು ಹಾಕಿ ಬಂದು ಸೇರುವ ಮೊದಲ ಪೆಟ್ಟು ಸಮ. ಹಾಡುಗಾರ ನಡುವೆ ಎಲ್ಲೆಲ್ಲೋ ಹೋಗಿ ಬಂದಿರ್ತಾನೆ, ಸಮಕ್ಕೆ ಬಂದಾಗ ಕೇಳೋರ ತಲೆ ತಾನಾಗಿ ಆಡುತ್ತೆ.

ಚೆನ್ನೈನಲ್ಲಿ ಇರೋರಿಗೆ ಒಂದು ಸೂಚನೆ. ಚೋಳಮಂಡಲದಲ್ಲಿ 2009ರಿಂದ ಒಂದು ಮ್ಯೂಸಿಯಂ ಇದೆ. ಪಣಿಕ್ಕರ್ ಮತ್ತು ಅವರ ಶಿಷ್ಯರ ಚಿತ್ರಗಳನ್ನು, ಮದ್ರಾಸ್ ಚಳವಳಿಯ ಕೆಲಸವನ್ನು ಒಂದೇ ಸೂರಿನಡಿ ನೋಡಬಹುದು. ಅಣ್ಣಾ ನಗರ್‌ನಿಂದ ಬೆಳಿಗ್ಗೆ ಬೇಗ ಹೊರಟರೆ ಒಳ್ಳೇದು, ಭಾನುವಾರ ಮಧ್ಯಾಹ್ನದ ಮೇಲೆ ಈಸ್ಟ್ ಕೋಸ್ಟ್ ರೋಡ್ ಟ್ರಾಫಿಕ್ ನಿಮಗೆ ಗೊತ್ತೇ ಇದೆ. ಮಕ್ಕಳನ್ನೂ ಕರ್ಕೊಂಡು ಹೋಗಿ, ಅಂಗಳದಲ್ಲಿ ಕಲ್ಲಿನ ಶಿಲ್ಪಗಳಿವೆ. ನನ್ನ ಮಗಳು ಅವುಗಳ ಸುತ್ತ ಒಂದು ಗಂಟೆ ಓಡಾಡಿ ಪ್ರತಿಯೊಂದಕ್ಕೂ ಹೆಸರಿಟ್ಟಳು, ಒಂದಕ್ಕೆ ತಮಿಳಲ್ಲಿ, ಒಂದಕ್ಕೆ ತುಳುವಿನಲ್ಲಿ, ಮೂಗು ಉದ್ದ ಇದ್ದದ್ದಕ್ಕೆ ‘ಅಜ್ಜಪ್ಪ’.